ಹಸಿದ ಕುದುರೆ

ರಿಯೆಕಾ ಬಂದರಿನಲ್ಲಿ ಬುರಾ ಬೀಸುವ ಬೆಳಗು.
ಬೆಟ್ಟ ಜಾರಿ ಬಂದ ಗಾಳಿಗೆ
ಕ್ರೇನಿನ ಕೊಕ್ಕೆ ತನ್ನಷ್ಟಕ್ಕೆ ತೂಗುತ್ತಿತ್ತು.
ರಾತ್ರಿ ಪಾಳಿಯಲ್ಲಿ ನಾನು ಬೆಸೆದ ತಗಡು
ಮಲಗಿಸಿದಾಗ ಗಾಳಿಯಿಲ್ಲದ ದಿನದ ಸಮುದ್ರದಷ್ಟು ಸಮ.
ಈಗ ಎರಡೂ ಅಂಚು ಎದ್ದು ಕೂತಿವೆ,
ಕೂಗದೇ ಎದ್ದವರ ಹಾಗೆ.
ಏಳು ಮಿಲಿಮೀಟರು.

ಬೇಪೊ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.
ಜೇಬಿನಿಂದ ಮೀನಿನ ಗಾಳದ ದಾರ ತೆಗೆದು
ಒಂದು ತುದಿ ನನ್ನ ಕೈಗೆ ಕೊಟ್ಟ,
ಇನ್ನೊಂದನ್ನು ತಾನು ಎಳೆದು ಹಿಡಿದು
ದಾರಕ್ಕೂ ಉಕ್ಕಿಗೂ ನಡುವೆ ಇಣುಕಿದ ಬೆಳಕನ್ನು
ಬಹಳ ಹೊತ್ತು ನೋಡಿದ.

'ದುನ್ಯಾ, ಒಂದೇ ಉಸಿರಿಗೆ ಎಳೆದೆಯಾ, ಈ ಕೊನೆಯಿಂದ ಆ ಕೊನೆಗೆ?'
ಹೌದು.
'ಒಂದೇ ಮಗ್ಗುಲಲ್ಲಿ?'
ಹೌದು. ಆರು ಗಂಟೆಯ ಬಸ್ಸಿತ್ತು.

ಕಾದ ಉಕ್ಕು ಹಿಗ್ಗಲು ಹೊರಡುತ್ತದೆ, ಅಂದ.
ಸುತ್ತಲಿನ ತಣ್ಣನೆಯ ಉಕ್ಕು ಬಿಡುವುದಿಲ್ಲ.
ಜಾಗ ಸಾಲದೆ ತನ್ನೊಳಗೇ ಮುದುಡುತ್ತದೆ.
ಆಮೇಲೆ ಆರುತ್ತದೆ. ಆರುವಾಗ
ಮೊದಲಿನಷ್ಟು ಉದ್ದ ಅದರಲ್ಲಿ ಉಳಿದಿರುವುದಿಲ್ಲ.
ಕಡಿಮೆ ಬಿದ್ದದ್ದನ್ನು ಪಕ್ಕದವರಿಂದ ಎಳೆಯುತ್ತದೆ.

'ಬಿಸಿ ಬಾಣಲೆಗೆ ಬಿದ್ದ ಸಾರ್ಡೀನು ನೋಡಿಲ್ಲವಾ,
ಚರ್ಮದ ಕಡೆಗೆ ಸುರುಟಿಕೊಳ್ಳುವುದು? ಅಷ್ಟೇ.'

ಆಮೇಲೆ ಯಾರ್ಡಿನ ಉದ್ದಕ್ಕೂ ನಡೆಸಿಕೊಂಡು ಹೋಗಿ
ಹಳೇ ನೆಂಟರ ಪರಿಚಯ ಮಾಡಿಸಿದಂತೆ ತೋರಿಸಿದ:
ಅಗಲದಲ್ಲಿ ಕುಗ್ಗಿ ಬಾಗಿಲನ್ನೇ ಒಲ್ಲೆನ್ನುವ ಚೌಕಟ್ಟು;
ಒಂದೇ ಬದಿಗೆ ಬೆಸುಗೆ ಬಿದ್ದು ಬಿಲ್ಲಾದ ತೊಲೆ;
ತಿರುಚಿಕೊಂಡ ಎಂಜಿನ್ ಪೀಠ, ನೆಲಕ್ಕಿಟ್ಟರೆ
ಮೂರೇ ಮೂಲೆ ಊರುತ್ತದೆ, ನಾಲ್ಕನೆಯದು ಯೋಚಿಸುತ್ತದೆ.
ದಂಡೆಗೆಳೆದ ಟಗ್ ದೋಣಿಯೊಂದು,
ತೆಳು ತಗಡು ಒಳಕ್ಕೆ ಕುಸಿದು
ಪಕ್ಕೆಲುಬು ಎಣಿಸಬಹುದು.
'ಇದು ಹಸಿದ ಕುದುರೆ,' ಅಂದು ಅದರ ಹೊಟ್ಟೆ ತಟ್ಟಿದ.

ಕ್ಲಾಂಪು ಬಿಗಿದರೆ? ಕೇಳಿದೆ.
ನಕ್ಕು, ಬಿಗಿದಿಟ್ಟಿದ್ದ ತಗಡೊಂದರ ತಿರುಪು ಸಡಿಲಿಸಿದ.
ಟಣ್.
'ಹಿಡಿದಷ್ಟು ಹೊತ್ತು ಸುಮ್ಮನಿತ್ತು.
ಒಳಗೆ ಏನಿತ್ತೋ, ಕೇಳಿದೆಯಲ್ಲ.'

ಆ ವಾರ ನನ್ನ ಕೈ ಮೊದಲಿನಿಂದ ಕಲಿಯಿತು.
ಅಂಗೈಯುದ್ದ ಬೆಸೆದು ನಿಲ್ಲುವುದು;
ಕೆಲಸ ಮುಂದಕ್ಕೆ, ಪ್ರತಿ ತುಂಡೂ ಹಿಂದಕ್ಕೆ;
ಮಗುಚಿ ಹಾಕಿ ಅತ್ತ ಒಂದು ಸಾಲು, ಇತ್ತ ಒಂದು ಸಾಲು;
ಬೇಕಾದ್ದಕ್ಕಿಂತ ಒಂದು ಹನಿಯೂ ಹೆಚ್ಚು ಸುರಿಯಕೂಡದು.
ಅಂಜುಬುರುಕರದೇ ದಪ್ಪ ಬೆಸುಗೆ, ಅನ್ನುತ್ತಿದ್ದ.

ಎಲ್ಲಕ್ಕಿಂತ ವಿಚಿತ್ರ,
ತಗಡನ್ನು ಬೇಕೆಂದೇ ಸೊಟ್ಟ ಇಡುವುದು.
ಬೆಂಕಿ ಎಳೆಯುವ ದಿಕ್ಕಿಗೆ ಎದುರಾಗಿ
ಎರಡೇ ಡಿಗ್ರಿ, ಅವನ ಕಣ್ಣಳತೆಯಲ್ಲಿ.
ಸೊಟ್ಟಗಿದ್ದದ್ದು ಆರುತ್ತ ಆರುತ್ತ
ಮಧ್ಯಾಹ್ನದ ಸೈರನ್ನಿನ ಹೊತ್ತಿಗೆ ನೆಟ್ಟಗಾಯಿತು.
ನಾನು ಊಟಕ್ಕೆ ಹೋಗದೆ ನೋಡುತ್ತ ನಿಂತಿದ್ದೆ.

ನನ್ನ ಏಳು ಮಿಲಿಮೀಟರಿಗೆ ಸುತ್ತಿಗೆ ಎತ್ತಿದವನು ಸ್ಟಿಪೆ.
ಬಗ್ಗಿದವನಿಗೆ ಗುದ್ದು ಎಲ್ಲ ಊರಲ್ಲೂ ಇದೆ.
ಬೇಪೊ ಅವನ ಮೊಣಕೈ ಹಿಡಿದು ಸರಿಸಿ
ಗ್ಯಾಸಿನ ಜ್ವಾಲೆ ಹಚ್ಚಿದ.
ಬೆಸುಗೆಯ ಬೆನ್ನಿಗೆ ಗೆರೆಗೆರೆಯಾಗಿ ಕೆಂಪೇರಿಸಿ
ಒದ್ದೆ ಚಿಂದಿ ಒತ್ತುತ್ತ,
ಬೆಂಕಿ ಹಾಕಿದ ಗಂಟನ್ನು ಬೆಂಕಿಯ ಕೈಯಲ್ಲೇ ಬಿಡಿಸುತ್ತ.
ಆರು ಹೋಯಿತು. ಒಂದು ಉಳಿಯಿತು.
'ಇರಲಿ.'

ಜೂನಿನಲ್ಲಿ ಹಡಗು ನೀರಿಗಿಳಿಯಿತು.
ಬ್ಯಾಂಡು, ಬಾವುಟ, ಯಾರದೋ ಉದ್ದ ಭಾಷಣ.
ಬಿಳಿ ಮೈಮೇಲೆ ಸಂಜೆ ಬಿಸಿಲು ಓರೆಯಾಗಿ ಬಿದ್ದಾಗ
ಮೂರನೆಯ ಕಿಟಕಿಯ ಕೆಳಗೆ ಒಂದು ಸಣ್ಣ ಅಲೆ,
ಸಮುದ್ರದ್ದಲ್ಲ.
ಇಸ್ತ್ರಿ ಅಂಗಿ ತೊಟ್ಟು ಬಂದಿದ್ದ ಬೇಪೊನನ್ನು ಕೇಳಿದೆ:
ಕಾಣುತ್ತಾ?
ಕನ್ನಡಕ ತೆಗೆದು ಜೇಬಿಗೆ ಹಾಕಿಕೊಂಡು
ಹಡಗನ್ನು ಉದ್ದಕ್ಕೂ ನೋಡಿದ.
'ಎಲ್ಲಿ?'